ದೂರದ ದೊರೆ, ಮನಿಲಾದ ಗವರ್ನರ್

ಬಾನುಲಿ ಕೇಳುಗರಿಗೆ ನಮಸ್ಕಾರ.

ಹದಿನೇಳನೆಯ ಶತಮಾನದಲ್ಲಿ ಫಿಲಿಪ್ಪೀನ್ಸ್ ದ್ವೀಪಗಳನ್ನು ಆಳುತ್ತಿದ್ದ ಸ್ಪ್ಯಾನಿಷ್ ಗವರ್ನರ್ ಒಬ್ಬನು ಮ್ಯಾಡ್ರಿಡ್‌ನಲ್ಲಿದ್ದ ತನ್ನ ದೊರೆಗೆ ಪತ್ರ ಬರೆದನೆಂದರೆ, ಆ ಪತ್ರ ಮೊದಲು ವರ್ಷಕ್ಕೊಮ್ಮೆ ಬೇಸಿಗೆಯ ಕೊನೆಯಲ್ಲಿ ಹೊರಡುವ ಗ್ಯಾಲಿಯನ್ ಎಂಬ ದೊಡ್ಡ ಹಡಗಿಗೆ ಕಾಯಬೇಕಿತ್ತು. ಹಡಗು ಪೆಸಿಫಿಕ್ ಸಾಗರವನ್ನು ದಾಟಿ ಮೆಕ್ಸಿಕೋದ ಅಕಾಪುಲ್ಕೊ ಬಂದರನ್ನು ಮುಟ್ಟಲು ನಾಲ್ಕರಿಂದ ಆರು ತಿಂಗಳು ಹಿಡಿಯುತ್ತಿತ್ತು. ಅಲ್ಲಿಂದ ಹೇಸರಗತ್ತೆಗಳ ಬೆನ್ನ ಮೇಲೆ ಬೆಟ್ಟದ ದಾರಿಯಲ್ಲಿ ಮೆಕ್ಸಿಕೋ ನಗರಕ್ಕೆ, ಮತ್ತೆ ಕೆಳಗಿಳಿದು ವೆರಾಕ್ರೂಸ್ ಬಂದರಿಗೆ, ಅಲ್ಲಿ ಮತ್ತೊಂದು ಹಡಗುಪಡೆಗಾಗಿ ಕಾದು ಅಟ್ಲಾಂಟಿಕ್ ದಾಟಿ ಸೆವಿಲ್ ನಗರಕ್ಕೆ ಸೇರಬೇಕು. ಉತ್ತರ ಇದೇ ದಾರಿಯಲ್ಲಿ ಹಿಂದಿರುಗಲು ಎರಡು ವರ್ಷ ಸಾಕಾದರೆ ಅದು ಗವರ್ನರನ ಪುಣ್ಯ. ನಡುವೆ ಹಡಗು ಮುಳುಗಿದರೆ ಪ್ರಶ್ನೆಯೂ ಹೋಯಿತು, ಉತ್ತರವೂ ಹೋಯಿತು.

ಇಷ್ಟು ದೂರದಲ್ಲಿ ತನ್ನ ಹೆಸರಿನಲ್ಲಿ ಆಳುವವನನ್ನು, ಆ ನೆಲವನ್ನು ಎಂದೂ ಕಾಣದ ದೊರೆ ಹೇಗೆ ಹಿಡಿತದಲ್ಲಿಟ್ಟುಕೊಂಡಿದ್ದ ಎಂಬುದು ಇಂದಿನ ಮಾತಿನ ವಿಷಯ.

ಈ ಸಮಸ್ಯೆ ಸ್ಪೇನ್ ಅರಸೊತ್ತಿಗೆಗೆ ಮೊದಲು ಎದುರಾದದ್ದು ಅಮೆರಿಕ ಖಂಡದಲ್ಲಿ. ಅಲ್ಲಿ ನೆಲೆಸಿದ ಸ್ಪ್ಯಾನಿಷ್ ವಲಸಿಗರಿಗೆ ಇಂತಿಷ್ಟು ಹಳ್ಳಿಗಳ ಮೂಲನಿವಾಸಿಗಳೆಂದು ಹಂಚಿಕೊಟ್ಟು, ಅವರಿಂದ ಕಪ್ಪವನ್ನೂ ದುಡಿಮೆಯನ್ನೂ ಪಡೆಯುವ ಹಕ್ಕನ್ನು ಕೊಡಲಾಗಿತ್ತು. 1542ರಲ್ಲಿ ಸ್ಪೇನಿನ ದೊರೆ ಐದನೆಯ ಚಾರ್ಲ್ಸ್ ಹೊರಡಿಸಿದ ಹೊಸ ಕಾನೂನುಗಳು, ಈ ಹಕ್ಕು ಪಡೆದವನು ಸತ್ತ ಮೇಲೆ ಅದು ಮಕ್ಕಳಿಗೆ ಹೋಗದೆ ಅರಸೊತ್ತಿಗೆಗೆ ಮರಳತಕ್ಕದ್ದೆಂದು ವಿಧಿಸಿದವು. ಪೆರುವಿಗೆ ವೈಸ್‌ರಾಯ್ ಆಗಿ ಬಂದ ಬ್ಲಾಸ್ಕೊ ನೂನ್ಯೆಸ್ ವೇಲಾ ಈ ಕಾನೂನನ್ನು ಚಾಚೂ ತಪ್ಪದೆ ಜಾರಿಗೊಳಿಸಲು ಹೊರಟನು. ವಲಸಿಗರು ಗೊಂಸಾಲೊ ಪಿಸಾರೊನ ಮುಂದಾಳತ್ವದಲ್ಲಿ ದಂಗೆಯೆದ್ದರು. ವೈಸ್‌ರಾಯನ ಜೊತೆಗಿರಬೇಕಾಗಿದ್ದ ನ್ಯಾಯಾಧೀಶರೇ ಅವನನ್ನು ಸೆರೆಹಿಡಿದರು. ತಪ್ಪಿಸಿಕೊಂಡ ಅವನು 1546ರ ಜನವರಿಯಲ್ಲಿ ಕೀಟೊ ನಗರದ ಬಳಿ ನಡೆದ ಕಾಳಗದಲ್ಲಿ ತಲೆ ಕಳೆದುಕೊಂಡನು. ಅದೇ ಕಾನೂನು ಮೆಕ್ಸಿಕೋಗೂ ಹೋಗಿತ್ತು. ಅಲ್ಲಿನ ವೈಸ್‌ರಾಯ್ ಆಂತೊನಿಯೊ ದೆ ಮೆಂದೋಸಾ ಮತ್ತು ಕಾನೂನನ್ನು ಹೊತ್ತು ತಂದ ತನಿಖಾಧಿಕಾರಿ ಇಬ್ಬರೂ ಊರಿನ ಗಾಳಿಯನ್ನು ನೋಡಿ, ಜಾರಿಯನ್ನು ತಡೆಹಿಡಿದು, ಮನವಿಗಳನ್ನು ಸ್ಪೇನಿಗೆ ಕಳುಹಿಸಿ ಸುಮ್ಮನೆ ಕುಳಿತರು. 1545ರಲ್ಲಿ ದೊರೆಯೇ ಆ ವಿಧಿಯನ್ನು ಹಿಂತೆಗೆದುಕೊಂಡನು. ಮಾತು ಕೇಳಿದ ವೈಸ್‌ರಾಯ್ ಸತ್ತನು, ಕೇಳದವನು 1550ರವರೆಗೆ ಗೌರವದಿಂದ ಆಳಿದನು.

ಇದು ಆಕಸ್ಮಿಕವೇನಲ್ಲ. ಇಂಥ ತಡೆಹಿಡಿಯುವಿಕೆಗೆ ಸ್ಪ್ಯಾನಿಷ್ ಕಾನೂನಿನಲ್ಲಿಯೇ ಒಂದು ಸಂಪ್ರದಾಯವಿತ್ತು. ದೊರೆಯ ಆಜ್ಞಾಪತ್ರ ಬಂದಾಗ ಅಧಿಕಾರಿಯು ಎದ್ದು ನಿಂತು, ಟೋಪಿ ತೆಗೆದು, ಪತ್ರಕ್ಕೆ ಮುತ್ತಿಟ್ಟು, ಅದನ್ನು ತಲೆಯ ಮೇಲಿಟ್ಟುಕೊಂಡು, ತಾನು ಇದಕ್ಕೆ ವಿಧೇಯನೆಂದು ಎಲ್ಲರೆದುರು ಹೇಳುತ್ತಿದ್ದನು. ಅದೇ ಉಸಿರಿನಲ್ಲಿ, ಇಲ್ಲಿನ ಪರಿಸ್ಥಿತಿಯನ್ನು ದೊರೆಗೆ ತಿಳಿಸುವವರೆಗೆ ಇದನ್ನು ಜಾರಿಗೊಳಿಸುವುದಿಲ್ಲವೆಂದೂ ಬರೆಸುತ್ತಿದ್ದನು. ನಮಗೆ ಇದು ನಗೆಪಾಟಲಾಗಿ ಕಾಣಬಹುದು. ಆದರೆ ದೊರೆಗೆ ಅವಮಾನವಾಗದಂತೆ, ಕಾಣದ ಊರಿಗೆ ಕಣ್ಣು ಮುಚ್ಚಿ ಬರೆದ ಕಾನೂನನ್ನು ತಿದ್ದಿಕೊಳ್ಳಲು ಅವನಿಗೆ ಎರಡು ವರ್ಷದ ಬಿಡುವು ಕೊಡುವ ಜಾಣತನ ಇದರಲ್ಲಿತ್ತು ಎಂದು ನನಗೆ ತೋರುತ್ತದೆ.

ಮನಿಲಾದಲ್ಲಿ ಈ ಬಿಡುವು ಎಲ್ಲಕ್ಕಿಂತ ದೊಡ್ಡದು. 1571ರಲ್ಲಿ ಲೆಗಾಸ್ಪಿ ಅಲ್ಲಿ ಸ್ಪ್ಯಾನಿಷ್ ನಗರವನ್ನು ಸ್ಥಾಪಿಸಿದ ಮೇಲೆ, ಅಲ್ಲಿನ ಗವರ್ನರನೇ ಸೇನಾಪತಿ, ಅವನೇ ಆವುದಿಯೆನ್ಸಿಯಾ ಎಂಬ ಉಚ್ಚ ನ್ಯಾಯಾಲಯದ ಅಧ್ಯಕ್ಷ, ದೊರೆಯ ಪರವಾಗಿ ಚರ್ಚಿನ ಪೋಷಕನೂ ಅವನೇ. ಪ್ರಾಂತಗಳ ಹುದ್ದೆಗಳನ್ನು ಹಂಚುವವನೂ ಅವನೇ. ಅದಕ್ಕೂ ಮಿಗಿಲಾಗಿ, ಗ್ಯಾಲಿಯನ್ ಹಡಗಿನಲ್ಲಿ ಚೀನಾದ ರೇಷ್ಮೆಯನ್ನು ಹೇರಲು ಯಾರಿಗೆ ಎಷ್ಟು ಜಾಗವೆಂಬ ಚೀಟಿಗಳ ಹಂಚಿಕೆಯಲ್ಲಿ ಅವನ ಮಾತು ನಡೆಯುತ್ತಿತ್ತು. 1593ರ ಆಜ್ಞೆಯಂತೆ ವರ್ಷಕ್ಕೆ 2,50,000 ಪೆಸೊ ಬೆಲೆಯ ಸರಕನ್ನು ಮಾತ್ರ ಕಳುಹಿಸಬಹುದಿತ್ತು. ಹಡಗಿನ ಹೊಟ್ಟೆಯಲ್ಲಿ ನಿಜವಾಗಿ ಎಷ್ಟಿತ್ತೆಂಬುದನ್ನು ನೋಡಿಯೂ ನೋಡದಂತಿರುವುದು ಲಾಭದ ಕೆಲಸವಾಗಿತ್ತು.

ಇಂಥವನನ್ನು ಕಾಯಲು ದೊರೆ ಇನ್ನೊಬ್ಬ ನಂಬಿಗಸ್ತನನ್ನು ನೇಮಿಸಲಿಲ್ಲ. ಬದಲಿಗೆ ಅವನ ಸುತ್ತ ಒಬ್ಬರನ್ನೊಬ್ಬರು ನಂಬದ ಜನರನ್ನು ಕೂರಿಸಿದನು. ನ್ಯಾಯಾಲಯದ ನ್ಯಾಯಾಧೀಶರು, ಖಜಾನೆಯ ಅಧಿಕಾರಿಗಳು, ಆರ್ಚ್‌ಬಿಷಪ್, ಬೇರೆ ಬೇರೆ ಸಂನ್ಯಾಸಿ ಪಂಥಗಳ ಮುಖ್ಯಸ್ಥರು, ಎಲ್ಲರಿಗೂ ದೊರೆಗೆ ನೇರವಾಗಿ ಬರೆಯುವ ಹಕ್ಕಿತ್ತು. ಗವರ್ನರನ ಪತ್ರ ಹೊತ್ತ ಹಡಗಿನಲ್ಲಿಯೇ ಅವನ ಮೇಲಿನ ದೂರುಗಳೂ ಹೋಗುತ್ತಿದ್ದವು.

ಇದರ ಮೇಲೆ ರೆಸಿಡೆನ್ಸಿಯಾ ಎಂಬ ವಿಚಾರಣೆ. ಅಧಿಕಾರದ ಅವಧಿ ಮುಗಿದ ಗವರ್ನರ್ ಲೆಕ್ಕ ಒಪ್ಪಿಸುವವರೆಗೆ ಊರು ಬಿಡುವಂತಿರಲಿಲ್ಲ. ಅವನಿಂದ ಅನ್ಯಾಯವಾದವರು ಬಂದು ದೂರು ಕೊಡಬಹುದೆಂದು ಬೀದಿಬೀದಿಗಳಲ್ಲಿ ಡಂಗುರ ಸಾರಲಾಗುತ್ತಿತ್ತು. ವಿಚಾರಣೆ ನಡೆಸುವವನು ಅನೇಕ ವೇಳೆ ಅವನ ಕುರ್ಚಿಯಲ್ಲಿ ಆಗಷ್ಟೇ ಕುಳಿತ ಹೊಸ ಗವರ್ನರ್. 1635ರಿಂದ ಆಳಿದ ಸೆಬಾಸ್ಟಿಯನ್ ಉರ್ತಾದೊ ದೆ ಕೊರ್ಕುಯೆರಾ ಗಟ್ಟಿ ಕೈಯವನು. ಆರ್ಚ್‌ಬಿಷಪ್ ಗೆರೇರೊನನ್ನು ಗಡೀಪಾರು ಮಾಡಿದವನು, ದಕ್ಷಿಣದ ಹೋಲೊ ದ್ವೀಪವನ್ನು ಗೆದ್ದವನು, ಅಮೂಲ್ಯ ಸರಕು ತುಂಬಿದ ಗ್ಯಾಲಿಯನ್ನಿಗೆ ತನ್ನ ಹರೆಯದ ಸೋದರಳಿಯನನ್ನೇ ಮುಖ್ಯಸ್ಥನನ್ನಾಗಿ ಮಾಡಿ, ಅದು 1638ರಲ್ಲಿ ಸೈಪಾನ್ ದ್ವೀಪದ ಬಂಡೆಗೆ ಬಡಿದು ಒಡೆದುಹೋದದ್ದನ್ನು ಕೇಳಿಸಿಕೊಂಡವನು. 1644ರಲ್ಲಿ ಬಂದ ದಿಯೆಗೊ ಫಹಾರ್ದೊ ಅವನನ್ನು ಸೆರೆಗೆ ತಳ್ಳಿದನು. ಐದು ವರ್ಷ ಸೆರೆವಾಸ. ದೊರೆಯ ಬಿಡುಗಡೆಯ ಆಜ್ಞೆಯೂ ಸಮುದ್ರ ದಾಟಿಯೇ ಬರಬೇಕಲ್ಲ! ಮುಂದೆ ಅದೇ ದೊರೆ ಅವನನ್ನು ಕ್ಯಾನರಿ ದ್ವೀಪಗಳಿಗೆ ಗವರ್ನರನಾಗಿ ಕಳುಹಿಸಿದನು.

ಎಲ್ಲರಿಗೂ ಈ ಭಾಗ್ಯವಿರಲಿಲ್ಲ. ಗವರ್ನರ್ ದಿಯೆಗೊ ದೆ ಸಾಲ್ಸೆದೊನನ್ನು 1668ರ ಅಕ್ಟೋಬರದ ಒಂದು ರಾತ್ರಿ, ಮಲಗಿದ್ದಲ್ಲಿಯೇ, ಇನ್‌ಕ್ವಿಸಿಷನ್ ಎಂಬ, ಧರ್ಮದ್ರೋಹವನ್ನು ವಿಚಾರಿಸುವ ಚರ್ಚಿನ ಧರ್ಮವಿಚಾರಣಾ ಮಂಡಲಿಯ ಪ್ರತಿನಿಧಿಯಾಗಿದ್ದ ಒಬ್ಬ ಸಂನ್ಯಾಸಿ ಬಂಧಿಸಿದನು. ಮೆಕ್ಸಿಕೋಗೆ ಒಯ್ಯುತ್ತಿದ್ದಾಗ ಅವನು ನಡುಗಡಲಿನಲ್ಲಿ ಸತ್ತನು. ಬಂಧನವೇ ಅಕ್ರಮವೆಂದು ಮೆಕ್ಸಿಕೋದ ಮಂಡಲಿ ತೀರ್ಮಾನಿಸಿದ್ದು ಆಮೇಲೆ. 1717ರಲ್ಲಿ ಬಂದ ಗವರ್ನರ್ ಬುಸ್ತಮಾಂತೆ ಖಜಾನೆಯ ಲೆಕ್ಕ ತೆಗೆಸಿ, ಊರಿನ ದೊಡ್ಡವರಿಂದ ಬಾಕಿ ವಸೂಲಿಗೆ ಇಳಿದನು. ದೊರೆಯ ದೃಷ್ಟಿಯಿಂದ ಇದಕ್ಕಿಂತ ನಿಷ್ಠೆಯ ಕೆಲಸವಿಲ್ಲ. ಬಾಕಿದಾರರು ಚರ್ಚುಗಳಲ್ಲಿ ಆಶ್ರಯ ಪಡೆದರು, ಅವನು ಆರ್ಚ್‌ಬಿಷಪ್ಪನನ್ನೇ ಬಂಧಿಸಿದನು. 1719ರ ಅಕ್ಟೋಬರ್ 11ರಂದು ಸಂನ್ಯಾಸಿಗಳೂ ಸೇರಿದ್ದ ಗುಂಪು ಅರಮನೆಗೆ ನುಗ್ಗಿ ಅವನನ್ನೂ ಅವನ ಮಗನನ್ನೂ ಕೊಂದಿತು. ಸೆರೆಯಿಂದ ಹೊರಬಂದ ಆರ್ಚ್‌ಬಿಷಪ್ಪನೇ ಹಂಗಾಮಿ ಗವರ್ನರನಾದನು.

ಆದರೆ ಈ ಕಾವಲುಗಾರರೆಲ್ಲ ಕಾದದ್ದು ಪರಸ್ಪರರನ್ನು. ನಾಡಿನ ಜನರ ಪಾಲಿಗೆ ಹೆಚ್ಚಿನ ವೇಳೆ ಕಾಗದದ ಮೇಲಿನ ರಕ್ಷಣೆಯಷ್ಟೇ ಉಳಿಯಿತು. ಕೊರ್ಕುಯೆರಾನನ್ನು ವಿಚಾರಣೆಗೆ ಒಳಪಡಿಸಿದ ಅದೇ ಫಹಾರ್ದೊ, 1649ರಲ್ಲಿ ಸಾಮಾರ್ ದ್ವೀಪದ ಗಂಡಸರನ್ನು ಮನೆಮಠ ಬಿಡಿಸಿ ದೂರದ ಕವೀತೆ ಹಡಗುಕಟ್ಟೆಗೆ ಬಿಟ್ಟಿ ದುಡಿಮೆಗೆ ಕಳುಹಿಸಲು ಆಜ್ಞೆ ಮಾಡಿದನು. ಪಲಾಪಾಗ್ ಎಂಬ ಊರಿನಲ್ಲಿ ಸುಮುರೊಯ್ ಎಂಬಾತ ದಂಗೆಯೆದ್ದನು. ಅದು ಅಕ್ಕಪಕ್ಕದ ದ್ವೀಪಗಳಿಗೂ ಹಬ್ಬಿತು. ಮೂಲನಿವಾಸಿಗಳನ್ನು ಕಾಪಾಡಿರೆಂದು ದೊರೆಗಳು ಬರೆದ ಪತ್ರಗಳಿಗೆ ಕೊರತೆಯಿರಲಿಲ್ಲ. ಅವೆಲ್ಲವೂ ಮುತ್ತಿಟ್ಟು ತಲೆಯ ಮೇಲಿಟ್ಟುಕೊಂಡ ಪತ್ರಗಳೇ.

ದೂರವೆಂಬುದು ದೊರೆಯನ್ನೂ ಗವರ್ನರನನ್ನೂ ಒಟ್ಟಿಗೆ ಕುರುಡರನ್ನಾಗಿಸಿದ ಪ್ರಸಂಗ 1762ರದು. ಆ ವರ್ಷದ ಆರಂಭದಲ್ಲಿಯೇ ಬ್ರಿಟನ್ ಮತ್ತು ಸ್ಪೇನ್ ನಡುವೆ ಯುದ್ಧ ಘೋಷಣೆಯಾಗಿತ್ತು. ಆ ಸುದ್ದಿ ನಮ್ಮ ಪಕ್ಕದ ಮದರಾಸನ್ನು ತಲುಪಿತ್ತು, ಮನಿಲಾವನ್ನು ತಲುಪಿರಲಿಲ್ಲ. ಮದರಾಸಿನಿಂದ ವಿಲಿಯಂ ಡ್ರೇಪರನ ನೇತೃತ್ವದಲ್ಲಿ ಹೊರಟ ದಂಡಿನಲ್ಲಿ ದಕ್ಷಿಣ ಭಾರತದ ಸಿಪಾಯಿಗಳೂ ಇದ್ದರು. ಅವರಲ್ಲಿ ಕೆಲವರು ದಂಡನ್ನು ತೊರೆದು ಮನಿಲಾದ ಬಳಿಯ ಕೈಂತಾ ಎಂಬ ಊರಿನಲ್ಲಿಯೇ ಉಳಿದುಬಿಟ್ಟರು. ಸೆಪ್ಟೆಂಬರ್ 23ರಂದು ಈ ಹಡಗುಗಳು ಕೊಲ್ಲಿಯೊಳಗೆ ಬಂದಾಗ, ಗವರ್ನರನ ಹುದ್ದೆ ಖಾಲಿಯಿದ್ದು, ಆರ್ಚ್‌ಬಿಷಪ್ ರೋಹೊ ಅದನ್ನು ನಿರ್ವಹಿಸುತ್ತಿದ್ದನು. ಎರಡು ವಾರ ಕಳೆಯುವಷ್ಟರಲ್ಲಿ ನಗರ ಬಿತ್ತು.

ನಗರ ಬೀಳುವ ಮುನ್ನ ಒಬ್ಬ ನ್ಯಾಯಾಧೀಶ ರಾತ್ರಿಯಲ್ಲಿ ದೋಣಿಯೇರಿ ಹೊರಬಿದ್ದಿದ್ದನು. ಸಿಮೋನ್ ದೆ ಆಂದಾ ಎಂದು ಅವನ ಹೆಸರು. ಅವನ ಬಳಿ ಇದ್ದದ್ದು 500 ಪೆಸೊ ಹಣ ಮತ್ತು 40 ಹಾಳೆ ಛಾಪಾಕಾಗದ. ಸೈನ್ಯವಿಲ್ಲ, ಖಜಾನೆಯಿಲ್ಲ. ಆದರೆ ದೊರೆಯ ಮುದ್ರೆಯಿರುವ ಕಾಗದವಿದ್ದರೆ ಆಜ್ಞೆ ಹೊರಡಿಸಬಹುದು, ನೇಮಕ ಮಾಡಬಹುದು, ತೆರಿಗೆ ಕೇಳಬಹುದು. ಗವರ್ನರನೇ ಶತ್ರುವಿನ ವಶದಲ್ಲಿರುವಾಗ ದೊರೆಯ ಅಧಿಕಾರ ಸ್ವತಂತ್ರನಾಗಿ ಉಳಿದ ನ್ಯಾಯಾಲಯದ ಸದಸ್ಯನಿಗೆ ಸಲ್ಲುತ್ತದೆಂದು ವಾದಿಸಿ, ಅವನು ಪಂಪಾಂಗ ಪ್ರಾಂತದ ಬಕೊಲೋರ್ ಊರಿನಲ್ಲಿ ಸರ್ಕಾರ ಹೂಡಿದನು. ಶರಣಾಗು ಎಂದು ಆರ್ಚ್‌ಬಿಷಪ್ ಬರೆದ ಪತ್ರಗಳನ್ನು ಅವನು ಮಾನ್ಯ ಮಾಡಲಿಲ್ಲ. ಬ್ರಿಟಿಷರ ಹಿಡಿತ ಮನಿಲಾ ಮತ್ತು ಕವೀತೆಯ ಆಚೆಗೆ ಹೆಚ್ಚು ಹಬ್ಬಲಿಲ್ಲ.

ಯುರೋಪಿನಲ್ಲಿ 1763ರ ಫೆಬ್ರವರಿ 10ರಂದು ಪ್ಯಾರಿಸ್ಸಿನಲ್ಲಿ ಶಾಂತಿ ಒಪ್ಪಂದವಾದಾಗ, ಮನಿಲಾ ಬಿದ್ದ ಸುದ್ದಿ ಅಲ್ಲಿಗೆ ಇನ್ನೂ ಬಂದಿರಲಿಲ್ಲ. ಒಪ್ಪಂದದಲ್ಲಿ ಹೆಸರಿಸದ ಪ್ರದೇಶಗಳನ್ನು ಮೊದಲಿನ ಒಡೆಯರಿಗೆ ಮರಳಿಸತಕ್ಕದ್ದೆಂಬ ಸಾಮಾನ್ಯ ವಿಧಿಯಿಂದಾಗಿ ಮನಿಲಾ ಸ್ಪೇನಿಗೆ ಮರಳಿತು. ಬ್ರಿಟಿಷರು ನಗರ ಬಿಟ್ಟದ್ದು 1764ರಲ್ಲಿ. ಆಂದಾ 1770ರಲ್ಲಿ ಗವರ್ನರನಾಗಿ ಮತ್ತೆ ಬಂದನು. ಬಂದವನು ಕೈಹಾಕಿದ ಕೆಲಸಗಳಲ್ಲೊಂದು, ಹಿಂದಿನ ಗವರ್ನರ್ ರಾವೋನ್‌ನ ವಿಚಾರಣೆ. ಜೆಸ್ಯುಯಿಟ್ ಪಾದ್ರಿಗಳನ್ನು ಹೊರಹಾಕುವ ದೊರೆಯ ಗುಟ್ಟಿನ ಆಜ್ಞೆಯನ್ನು ಅವರಿಗೇ ಮುಂಚಿತವಾಗಿ ತಿಳಿಸಿದನೆಂಬುದು ರಾವೋನ್ ಮೇಲಿದ್ದ ಆರೋಪ. ವಿಚಾರಣೆ ಮುಗಿಯುವ ಮುನ್ನವೇ ಅವನು ತೀರಿಕೊಂಡನು.

ಮುಂದಿನದು ಬೇಗ ಮುಗಿಯುವ ಕಥೆ. 1815ರಲ್ಲಿ ಗ್ಯಾಲಿಯನ್ ಸಂಚಾರ ನಿಂತಿತು, 1821ರಲ್ಲಿ ಮೆಕ್ಸಿಕೋ ಸ್ವತಂತ್ರವಾಯಿತು, 1869ರಲ್ಲಿ ಸೂಯೆಜ್ ಕಾಲುವೆ ತೆರೆಯಿತು. 1880ರಲ್ಲಿ ಹಾಂಗ್‌ಕಾಂಗ್ ಮೂಲಕ ಸಮುದ್ರದಡಿಯ ತಂತಿ ಮನಿಲಾವನ್ನು ಮುಟ್ಟಿದ ಮೇಲೆ, ಆಜ್ಞೆಯನ್ನು ತಡೆಹಿಡಿದು ಎರಡು ವರ್ಷ ಕಾಯುವ ಅವಕಾಶವೇ ಗವರ್ನರನಿಗೆ ಉಳಿಯಲಿಲ್ಲ. 1898ರ ಮೇ ತಿಂಗಳಲ್ಲಿ, ಸ್ಪೇನಿನೊಡನೆ ಯುದ್ಧಕ್ಕಿಳಿದಿದ್ದ ಅಮೆರಿಕದ ನೌಕಾಪಡೆ ಆ ತಂತಿಯನ್ನು ಕತ್ತರಿಸಿತು. ಆಗಸ್ಟ್ 12ರಂದು ವಾಷಿಂಗ್ಟನ್‌ನಲ್ಲಿ ಕದನವಿರಾಮಕ್ಕೆ ಸಹಿಯಾಯಿತು. ಅದನ್ನರಿಯದೆ ಮನಿಲಾ ಮರುದಿನ ಶರಣಾಯಿತು. ಸುದ್ದಿ ಬಂದದ್ದು 16ರಂದು. ಕದನವಿರಾಮದ ನಂತರದ ಗೆಲುವು ಗೆಲುವೇ ಅಲ್ಲವೆಂದು ಸ್ಪೇನಿನ ಪ್ರತಿನಿಧಿಗಳು ಪ್ಯಾರಿಸ್ಸಿನ ಮಾತುಕತೆಯಲ್ಲಿ ವಾದಿಸಿ ನೋಡಿದರು. ಕೊನೆಗೆ ಡಿಸೆಂಬರ್ 10ರ ಒಪ್ಪಂದದಲ್ಲಿ 2 ಕೋಟಿ ಡಾಲರ್ ಪಡೆದು ದ್ವೀಪಗಳನ್ನು ಅಮೆರಿಕಕ್ಕೆ ಬಿಟ್ಟುಕೊಟ್ಟರು.

ನಮಸ್ಕಾರ.