ಕಾರ್ಲೈಲ್ ಹುಡುಗರ 1912ರ ಆಟ

ಈಗ ನೀವು ನೋಡುತ್ತಿರುವುದು ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದ ಕಾರ್ಲೈಲ್ ಎಂಬ ಊರಿನ ಸೇನಾ ನೆಲೆಯೊಳಗಿನ ಮೈದಾನ. ಇದನ್ನು ಇಂದಿಗೂ ಇಂಡಿಯನ್ ಫೀಲ್ಡ್ ಎಂದೇ ಕರೆಯುತ್ತಾರೆ. 1879ರಲ್ಲಿ ರಿಚರ್ಡ್ ಹೆನ್ರಿ ಪ್ರಾಟ್ ಎಂಬ ಸೇನಾಧಿಕಾರಿ ಇಲ್ಲಿ ಮೂಲನಿವಾಸಿ ಮಕ್ಕಳ ವಸತಿ ಶಾಲೆಯನ್ನು ತೆರೆದರು. ದೂರದೂರದ ಬುಡಕಟ್ಟುಗಳಿಂದ ಕರೆತಂದ ಮಕ್ಕಳ ಕೂದಲು ಕತ್ತರಿಸಿ, ಹೆಸರು ಬದಲಿಸಿ, ತಾಯ್ನುಡಿಯನ್ನೇ ಬಿಡಿಸುವುದು ಇಲ್ಲಿನ ಪದ್ಧತಿಯಾಗಿತ್ತು. ಓದಲು ಬಂದು ಇಲ್ಲೇ ತೀರಿಕೊಂಡ ಮಕ್ಕಳ ಬಿಳಿಯ ಸಮಾಧಿಗಲ್ಲುಗಳು ಇದೇ ನೆಲೆಯಲ್ಲಿವೆ. ಕೆಲವದರ ಮೇಲೆ ಹೆಸರೂ ಇಲ್ಲ.

ಇದು ಕಾಲೇಜಲ್ಲದಿದ್ದರೂ ಇಲ್ಲಿನ ಫುಟ್‌ಬಾಲ್ ತಂಡ ಆಡುತ್ತಿದ್ದುದು ದೊಡ್ಡ ಕಾಲೇಜುಗಳ ಎದುರು. ಫುಟ್‌ಬಾಲ್ ಎಂದರೆ ನಾವು ಬಲ್ಲ ಕಾಲ್ಚೆಂಡಾಟವಲ್ಲ. ಮೊಟ್ಟೆಯಾಕಾರದ ಚೆಂಡನ್ನು ಅವುಚಿಕೊಂಡು, ಎದುರಾಳಿಗಳನ್ನು ತಳ್ಳಿಕೊಂಡು ಓಡುವ ಆಟ. 1912ರಲ್ಲಿ ಇದರ ನಿಯಮಗಳು ಬದಲಾದವು: ಹತ್ತು ಗಜ ಮುನ್ನುಗ್ಗಲು ಮೂರರ ಬದಲು ನಾಲ್ಕು ಅವಕಾಶಗಳು ದೊರೆತವು, ಚೆಂಡನ್ನು ಎದುರಾಳಿಗಳ ಕೊನೆಗೆರೆ ದಾಟಿಸುವ ಟಚ್‌ಡೌನಿಗೆ ಐದರ ಬದಲು ಆರು ಅಂಕವಾಯಿತು, ಚೆಂಡನ್ನು ಎಷ್ಟು ದೂರ ಬೇಕಾದರೂ ಮುಂದಕ್ಕೆ ಎಸೆಯಬಹುದಾಯಿತು. ಮೈತೂಕಕ್ಕಿಂತ ಚುರುಕನ್ನೇ ನೆಚ್ಚಿದ್ದ ಕಾರ್ಲೈಲ್ ಹುಡುಗರಿಗೆ ಇವು ಹೇಳಿ ಮಾಡಿಸಿದಂತಿದ್ದವು.

ಆ ವರ್ಷ ನವೆಂಬರ್ 9ರಂದು ಅವರು ವೆಸ್ಟ್ ಪಾಯಿಂಟ್‌ನಲ್ಲಿ ಸೇನಾ ಅಕಾಡೆಮಿಯ ತಂಡವನ್ನು ಎದುರಿಸಿದರು. ವೂಂಡೆಡ್ ನೀ ಎಂಬಲ್ಲಿ ಅದೇ ಸೇನೆ ಲಕೋಟ ಎಂಬ ಮೂಲನಿವಾಸಿ ಜನರನ್ನು, ಹೆಂಗಸರು ಮಕ್ಕಳೆನ್ನದೆ, ಕೊಂದು ಆಗಿನ್ನೂ 22 ವರ್ಷವಾಗಿತ್ತಷ್ಟೆ. ತರಬೇತುದಾರ ಪಾಪ್ ವಾರ್ನರ್ ಅಂದು ಹೊಸದೊಂದು ವ್ಯೂಹವನ್ನು ಕಣಕ್ಕಿಳಿಸಿದ್ದರು. ಹಿಂದೆ ನಿಲ್ಲಬೇಕಾದ ಹಾಫ್‌ಬ್ಯಾಕ್ ಆಟಗಾರರಿಬ್ಬರೂ ಮುಂದಿನ ಸಾಲಿನ ಎರಡೂ ತುದಿಗಳಿಗೆ ಸರಿದು ರೆಕ್ಕೆಗಳಂತೆ ನಿಂತರು. ಚೆಂಡು ಎಡಕ್ಕೆ ಹೋಗುವುದೋ, ಬಲಕ್ಕೆ ಹೋಗುವುದೋ, ಎಸೆತವೋ, ಓಟವೋ ಎಂದು ಸೈನಿಕ ವಿದ್ಯಾರ್ಥಿಗಳು ಲೆಕ್ಕ ಹಾಕುವಷ್ಟರಲ್ಲಿ ಆಟ ಅವರನ್ನು ದಾಟಿ ಹೋಗಿರುತ್ತಿತ್ತು. ಕಾರ್ಲೈಲ್ 27-6ರಿಂದ ಗೆದ್ದಿತು. ಸೋತವರಲ್ಲಿ ಮುಂದೆ ಅಮೆರಿಕದ ಅಧ್ಯಕ್ಷರಾದ ಡ್ವೈಟ್ ಐಸೆನ್‌ಹೋವರ್ ಕೂಡ ಇದ್ದರು.

ಈ ಪಂದ್ಯದ ಮಾತು ಬಂದಾಗಲೆಲ್ಲ ಜನ ನೆನೆಯುವುದು ಜಿಮ್ ಥಾರ್ಪ್ ಅವರನ್ನು. ಅದೇ ಬೇಸಿಗೆಯಲ್ಲಿ ಸ್ಟಾಕ್‌ಹೋಮ್ ಒಲಿಂಪಿಕ್ಸ್‌ನಲ್ಲಿ ಎರಡು ಚಿನ್ನ ಗೆದ್ದು ಬಂದಿದ್ದ ಆ ಮಹಾನ್ ಆಟಗಾರನ ಬಗ್ಗೆ ನನಗೂ ಅಪಾರ ಗೌರವವಿದೆ. ಆದರೆ ಅಂದು ಮೂರು ಟಚ್‌ಡೌನ್ ಗಳಿಸಿದವರು ಅಲೆಕ್ಸ್ ಆರ್ಕಾಸಾ. ಹೊಸ ವ್ಯೂಹವನ್ನು ಮೈದಾನದಲ್ಲಿ ನಡೆಸಿದವರು ಕ್ವಾರ್ಟರ್‌ಬ್ಯಾಕ್ ಗಸ್ ವೆಲ್ಚ್. ಈ ಇಬ್ಬರ ಹೆಸರನ್ನೂ ಥಾರ್ಪ್ ಹೆಸರಿನಷ್ಟೇ ಗಟ್ಟಿಯಾಗಿ ಹೇಳಬೇಕೆಂಬುದು ನನ್ನ ಆಸೆ.

ಮರುವಾರವೇ ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯದ ಎದುರು ತಂಡ 34-26ರಿಂದ ಸೋತಿತು. ಆ ವರ್ಷದ ಸೋಲು ಅದೊಂದೇ. ಹನ್ನೆರಡು ಗೆಲುವು, ಒಂದು ಸಮಬಲದೊಂದಿಗೆ ಆ ವರ್ಷದ ಪಂದ್ಯಗಳು ಮುಗಿದವು.

ವೆಲ್ಚ್ ಮಾತ್ರ ಅಷ್ಟಕ್ಕೇ ನಿಲ್ಲಲಿಲ್ಲ. ಶಾಲೆಯ ಆಡಳಿತವನ್ನು ತನಿಖೆ ಮಾಡಬೇಕೆಂದು ಸಹಪಾಠಿಗಳ ಸಹಿ ಸಂಗ್ರಹಿಸಿ ಅವರು ಸರ್ಕಾರಕ್ಕೆ ಮನವಿ ಸಲ್ಲಿಸಿದರು. 1914ರಲ್ಲಿ ಸಂಸತ್ತಿನ ಆಯೋಗವೇ ಕಾರ್ಲೈಲ್‌ಗೆ ಬಂದಿತು. ತರಬೇತುದಾರರ ನಡವಳಿಕೆ, ಫುಟ್‌ಬಾಲಿನಿಂದ ಬಂದ ಹಣದ ಬಳಕೆ ಎರಡೂ ವಿಚಾರಣೆಗೆ ಒಳಪಟ್ಟವು. ಅದೇ ವರ್ಷ ವಾರ್ನರ್ ಕಾರ್ಲೈಲ್ ಬಿಟ್ಟು ಹೊರಟರು. ನಾಲ್ಕು ವರ್ಷಗಳ ಬಳಿಕ, 1918ರಲ್ಲಿ, ಶಾಲೆಯೇ ಮುಚ್ಚಿತು.