ಜೂನಿಯರ್ ಶಂಕರಣ್ಣನಿಗೆ ಐವತ್ತೆರಡು

ನಮಸ್ಕಾರ. ತುಮಕೂರಿನಿಂದ ಮಾತಾಡುತ್ತಿದ್ದೇನೆ. ನಡುವೆ ಬಸ್ಸಿನ ಹಾರ್ನ್ ಕೇಳಿಸಿದರೆ ಬೇಜಾರು ಮಾಡಿಕೊಳ್ಳಬೇಡಿ, ಮನೆ ಇರೋದು ಬಿ.ಎಚ್. ರಸ್ತೆ ಪಕ್ಕದಲ್ಲೇ.

ಇವತ್ತು ಮಿಮಿಕ್ರಿಯವರ ಬಗ್ಗೆ ಮಾತಾಡಬೇಕು. ಶುರು ಮಾತ್ರ ಅಮೆರಿಕದಿಂದ.

ಅಲ್ಲಿ ವಾನ್ ಮೀಡರ್ ಅಂತ ಒಬ್ಬ ಇದ್ದ. ಮೇನ್ ಅನ್ನೋ ರಾಜ್ಯದವನು, 1936ರಲ್ಲಿ ಹುಟ್ಟಿದವನು. ನ್ಯೂಯಾರ್ಕಿನ ಕ್ಲಬ್ಬುಗಳಲ್ಲಿ ಪಿಯಾನೊ ನುಡಿಸಿಕೊಂಡು, ನಡುನಡುವೆ ಜೋಕ್ ಹೇಳಿಕೊಂಡು ಹೊಟ್ಟೆ ಹೊರೆಯುತ್ತಿದ್ದ. ಆಗ ಜಾನ್ ಕೆನಡಿ ಅಧ್ಯಕ್ಷ. ಇಬ್ಬರದೂ ಹೆಚ್ಚುಕಡಿಮೆ ಒಂದೇ ಸೀಮೆಯ ಇಂಗ್ಲಿಷು. ನಮ್ಮ ಪಾವಗಡದವರು ಬಾಯಿ ತೆಗೆದರೆ ಸಾಕು, ಯಾವ ಕಡೆಯವರು ಅಂತ ಗೊತ್ತಾಗುತ್ತಲ್ಲ, ಹಾಗೆ. ಮೀಡರ್ ಒಂದು ದಿನ ಕೆನಡಿ ಥರ ಮಾತಾಡಿ ನೋಡಿದ. ಜನ ಬಿದ್ದು ಬಿದ್ದು ನಕ್ಕರು.

1962ರಲ್ಲಿ, ಮೀಡರ್ ಕೆನಡಿಯಾಗಿ ಮಾತಾಡಿದ ‘ದಿ ಫಸ್ಟ್ ಫ್ಯಾಮಿಲಿ’ ಅನ್ನೋ ಹಾಸ್ಯದ ರೆಕಾರ್ಡ್ ಬಂತು. ಅದನ್ನು ಜನರ ಮುಂದೆ ರೆಕಾರ್ಡ್ ಮಾಡಿದ್ದು ಅಕ್ಟೋಬರ್ 22ರ ರಾತ್ರಿ. ಅದೇ ರಾತ್ರಿ ನಿಜವಾದ ಕೆನಡಿ ಟೀವಿಯಲ್ಲಿ ಕೂತು, ಕ್ಯೂಬಾದಲ್ಲಿ ರಷ್ಯಾದ ಕ್ಷಿಪಣಿಗಳಿವೆ ಅಂತ ಹೇಳಿ ಲೋಕದ ಎದೆ ನಡುಗಿಸಿದ್ದ. ಇಲ್ಲಿ ಕೂತು ನಗುತ್ತಿದ್ದವರಿಗೆ ಆ ವಿಷಯ ಗೊತ್ತೇ ಇರಲಿಲ್ಲ. ರೆಕಾರ್ಡ್ ಸುಮಾರು 75 ಲಕ್ಷ ಪ್ರತಿ ಖರ್ಚಾಯಿತು. ಆ ವರ್ಷದ ಆಲ್ಬಂ ಅಂತ ಗ್ರ್ಯಾಮಿ ಬಂತು. ಕೆನಡಿಯೇ ಒಂದು ಸಭೆಯಲ್ಲಿ, ‘ಮೀಡರ್ ಸಿಗಲಿಲ್ಲ, ಅದಕ್ಕೆ ನಾನೇ ಬಂದೆ’ ಅಂದನಂತೆ.

1963ರ ನವೆಂಬರ್ 22. ಮೀಡರ್ ಟ್ಯಾಕ್ಸಿ ಹತ್ತಿದ. ‘ಡಲ್ಲಾಸ್‌ನಲ್ಲಿ ಕೆನಡಿ ವಿಷಯ ಕೇಳಿದ್ರಾ?’ ಅಂತ ಡ್ರೈವರ್ ಕೇಳಿದ. ಯಾವುದೋ ಹೊಸ ಜೋಕು ಇರಬೇಕು ಅಂದುಕೊಂಡು ಇವನು, ‘ಇಲ್ಲ, ಹೇಳಪ್ಪ’ ಅಂದ ಅಂತ ಒಂದು ಕಥೆ ಇದೆ.

ಡಲ್ಲಾಸ್‌ನಲ್ಲಿ ಕೆನಡಿಯನ್ನು ಗುಂಡಿಟ್ಟು ಕೊಂದಿದ್ದರು. ಅವತ್ತಿಗೆ ಮೀಡರ್ ಅಂಗಡಿ ಬಾಗಿಲು ಮುಚ್ಚಿತು. ರೆಕಾರ್ಡುಗಳನ್ನು ಅಂಗಡಿಗಳಿಂದ ವಾಪಸ್ ತೆಗೆದರು. ಒಪ್ಪಿಕೊಂಡಿದ್ದ ಕಾರ್ಯಕ್ರಮ ಎಲ್ಲ ರದ್ದು. ಅವನಿಗೆ ಆಗ 27 ವರ್ಷ. ಆಮೇಲೆ ಊರಿಗೆ ಹೋಗಿ, ಅಬ್ಬಟ್ ಅನ್ನೋ ತನ್ನ ಮೊದಲ ಹೆಸರಲ್ಲೇ ಹಾಡಿಕೊಂಡು ಇದ್ದ. 2004ರಲ್ಲಿ ತೀರಿಕೊಂಡ.

ಈ ಕಥೆ ಓದಿದಾಗ ನನಗೆ ಮೊದಲು ಹೊಳೆದದ್ದು ನಮ್ಮ ಕಡೆ ಎಲ್ಲ ಉಲ್ಟಾ ಅಲ್ವಾ ಅಂತ. ಶಂಕರ್ ನಾಗ್ ಹೋಗಿದ್ದು 1990ರ ಸೆಪ್ಟೆಂಬರ್ 30ಕ್ಕೆ, ದಾವಣಗೆರೆ ಹತ್ತಿರ ಅನಗೋಡಿನಲ್ಲಿ. ನಮ್ಮ ಊರನ್ನು ಮುಟ್ಟಿಕೊಂಡು ಹೋಗುವ ಹೆದ್ದಾರಿಯೇ ಅದು. ರಾಜ್‌ಕುಮಾರ್ 2006ರಲ್ಲಿ, ವಿಷ್ಣುವರ್ಧನ್ 2009ರಲ್ಲಿ, ಅಂಬರೀಶ್ 2018ರಲ್ಲಿ, ಪುನೀತ್ 2021ರಲ್ಲಿ. ಒಬ್ಬೊಬ್ಬರು ಹೋದಾಗಲೂ ಅವರ ವೇಷ ಹಾಕಿ ಅವರ ಥರ ಮಾತಾಡೋ ಜೂನಿಯರ್‌ಗಳಿಗೆ ಕೆಲಸ ಜಾಸ್ತಿಯಾಯಿತೇ ಹೊರತು ಕಡಿಮೆಯಾಗಲಿಲ್ಲ. ಗಣೇಶನ ಹಬ್ಬ ಬಂತು ಅಂದರೆ ಆರ್ಕೆಸ್ಟ್ರಾ, ಆರ್ಕೆಸ್ಟ್ರಾ ಅಂದರೆ ಜೂನಿಯರ್.

ಹೋದ ಗಣೇಶನ ಹಬ್ಬದಲ್ಲಿ ಗುಬ್ಬಿ ಕಡೆಯ ಒಂದು ಹಳ್ಳಿಗೆ ಹೋಗಿದ್ದೆ. ಒಬ್ಬ ಜೂನಿಯರ್ ಶಂಕರ್ ನಾಗ್ ನನಗೆ ಪರಿಚಯ. ಹಗಲು ತಿಪಟೂರಿನಲ್ಲಿ ಕೊಬ್ಬರಿ ಮಂಡಿಯಲ್ಲಿ ಲೆಕ್ಕ ಬರೆಯುತ್ತಾರೆ. ತಿಪಟೂರು ಅಂದರೆ ನರಸಿಂಹರಾಜು ಊರು, ನಗಿಸುವುದು ಅಲ್ಲಿನ ನೀರಲ್ಲೇ ಇದೆ ಅಂತ ಅವರೇ ಹೇಳಿಕೊಳ್ಳುತ್ತಾರೆ. ಮೇಕಪ್ ರೂಮ್ ಅಂತ ಏನೂ ಇರಲಿಲ್ಲ, ಶಾಲೆಯ ಜಗುಲಿ ಅಷ್ಟೇ. ಯಾರದೋ ಬೈಕಿನ ಕನ್ನಡಿ ತಿರುಗಿಸಿಕೊಂಡು, ನನ್ನ ಕೈಗೆ ಮೊಬೈಲ್ ಟಾರ್ಚ್ ಕೊಟ್ಟು, ಕಿವಿ ಪಕ್ಕದ ಬಿಳಿ ಕೂದಲಿಗೆ ಕಾಡಿಗೆ ಹಚ್ಚಿಕೊಳ್ಳುತ್ತಿದ್ದರು. ಬಾಯಲ್ಲಿ ಲವಂಗ. ಖಾಕಿ ಅಂಗಿಯ ಕೆಳಗಿನ ಗುಂಡಿ ಹಾಕಲು ಆಗಲಿಲ್ಲ, ಪಿನ್ನು ಚುಚ್ಚಿಕೊಂಡರು. ‘ಶಂಕರಣ್ಣ ಮೂವತ್ತೈದಕ್ಕೇ ನಿಂತುಬಿಟ್ರು. ನಂಗೆ ಐವತ್ತೆರಡು. ಹೊಟ್ಟೆ ಕೇಳಬೇಕಲ್ಲ ಸಾರ್’ ಅಂದರು.

ಸ್ಟೇಜ್ ಹತ್ತುವ ಮೊದಲು ಒಬ್ಬ ಅಜ್ಜಿ ಬಂದು, ಅವರ ಗಲ್ಲ ಸವರಿ, ಕೈಗೆ ಇಪ್ಪತ್ತು ರೂಪಾಯಿ ಇಟ್ಟರು. ‘ಎಷ್ಟು ಬಡವಾಗಿದ್ದೀಯೋ ಮಗ’ ಅಂದರು. ಪಿನ್ನು ಚುಚ್ಚಿಕೊಂಡ ಹೊಟ್ಟೆಯವರಿಗೆ! ನಾನು ನಗಬೇಕಿತ್ತು, ನಗು ಬರಲಿಲ್ಲ.

ಅಮೆರಿಕದಲ್ಲಿ ಮಿಮಿಕ್ರಿ ಅಂದರೆ ಕಾಲೆಳೆಯೋದು. ಸತ್ತವರ ಕಾಲು ಎಳೆಯೋಕೆ ಆಗಲ್ಲ, ಅದಕ್ಕೇ ಮೀಡರ್ ಮುಳುಗಿದ. ನಮ್ಮಲ್ಲಿ ಹಾಗಲ್ಲ, ಇದು ಮೈಮೇಲೆ ಬರೋ ಥರ. ದೇವರು ಬಂದಾಗ ಪೂಜಾರಿಯ ವಯಸ್ಸನ್ನು ಯಾರು ಕೇಳುತ್ತಾರೆ? ಒಳ್ಳೆಯದೇ. ಆದರೆ ನನ್ನ ತಕರಾರು ಇರೋದೂ ಅಲ್ಲೇ. ಮೈಮೇಲೆ ಬಂದವರಿಗೆ ಸ್ವಂತ ಮಾತು ಆಡೋಕೆ ಬಿಡಲ್ಲ ನಾವು.

ಮೀಡರ್ ಕೆನಡಿಯ ಭಾಷಣವನ್ನು ಒಪ್ಪಿಸಲಿಲ್ಲ ನೋಡಿ. ಸ್ನಾನದ ತೊಟ್ಟಿಯ ಆಟಿಕೆಗಳು ಯಾರ‍್ಯಾರವು ಅಂತ ಅಧ್ಯಕ್ಷರ ಗತ್ತಿನಲ್ಲೇ ಪಾಲು ಮಾಡಿ, ರಬ್ಬರ್ ಹಂಸ ಮಾತ್ರ ನನ್ನದು ಅಂದ. ಗಂಟಲು ಕೆನಡಿಯದು, ಮಾತು ಹೊಸದು. ಮಿಮಿಕ್ರಿಯ ಕಸುಬು ಅಂದರೆ ಅದು. ಧ್ವನಿ ಅರ್ಧ ಕೆಲಸ. ಈ ಮನುಷ್ಯ ಈ ಜಾಗದಲ್ಲಿ ಇದ್ದಿದ್ದರೆ ಏನು ಅನ್ನುತ್ತಿದ್ದ ಅನ್ನೋದು ಇನ್ನರ್ಧ. ನಮ್ಮ ಆರ್ಕೆಸ್ಟ್ರಾಗಳು ಬರೀ ಮೊದಲರ್ಧಕ್ಕೆ ದುಡ್ಡು ಕೊಡುತ್ತವೆ. ಅದೇ ಡೈಲಾಗು, ಅದೇ ಹಾಡು, ಅದೇ ಶಿಳ್ಳೆ. ಕ್ಯಾಸೆಟ್ ಹಾಕಿದ್ದರೆ ಆಗುತ್ತಿತ್ತು, ಊಟದ ಖರ್ಚೂ ಉಳಿಯುತ್ತಿತ್ತು.

ನಮ್ಮ ಮಂಡಿ ರೈಟರ್ ಹತ್ತಿರ ಇನ್ನರ್ಧವೂ ಇದೆ. ಎರಡು ಹಾಡು ಮುಗಿಸಿ, ಮೈಕ್ ಹಿಡಿದು, ಶಂಕರ್ ನಾಗ್ ಗಂಟಲಲ್ಲೇ ಮೆಟ್ರೊ ವಿಷಯ ತೆಗೆದರು. ಬೆಂಗಳೂರಿಗೆ ಮೆಟ್ರೊ ಬೇಕು ಅಂತ ಶಂಕರ್ ನಾಗ್ ಎಂಬತ್ತರ ದಶಕದಲ್ಲೇ ಓಡಾಡಿದವರು. ತುಮಕೂರಿಗೂ ಮೆಟ್ರೊ ಬರುತ್ತೆ ಅನ್ನೋ ಮಾತನ್ನು ನಾವೂ ಕೇಳುತ್ತಲೇ ಇದ್ದೇವೆ. ಸ್ಟೇಜ್ ಮೇಲಿನ ಶಂಕರಣ್ಣ ಕ್ಯಾತ್ಸಂದ್ರದಲ್ಲಿ ಇಳಿದು, ಎರಡು ತಟ್ಟೆ ಇಡ್ಲಿ ತಿಂದು, ‘ಮೆಟ್ರೊ ಬಂತೇನ್ರೋ?’ ಅಂತ ಹೋಟೆಲ್‌ನವರನ್ನು ಕೇಳುತ್ತಾರೆ. ಇಲ್ಲ ಅಂದಾಗ, ‘ಸರಿ, ಇನ್ನೆರಡು ತಟ್ಟೆ ಹಾಕು, ಕಾಯ್ತೀನಿ’ ಅಂತಾರೆ. ಮುಂದಿನ ಸಾಲಿನ ಹುಡುಗರು ಕುರ್ಚಿ ಬಡಿದು ನಕ್ಕರು.

ಅಷ್ಟರಲ್ಲಿ ಕಮಿಟಿಯವರೊಬ್ಬರು ಸ್ಟೇಜ್ ಪಕ್ಕದಿಂದ ಕೈಸನ್ನೆ ಮಾಡಿದರು. ಡೈಲಾಗ್ ಹೇಳಪ್ಪ, ಇದೆಲ್ಲ ಬೇಡ. ಇವರು ಮಾತು ಅಲ್ಲಿಗೇ ನಿಲ್ಲಿಸಿ ಹಾಡು ಹಿಡಿದರು. ಆಮೇಲೆ ದುಡ್ಡು ಕೊಡುವಾಗ ಚೀಟಿಯಲ್ಲಿ ‘ಜೂ. ಶಂಕರ್ ನಾಗ್’ ಅಂತ ಬರೆದು ಸೈನ್ ಹಾಕಿ ಅಂದರು. ಸೈನ್ ಹಾಕಿದ್ದು ಮಾತ್ರ ಅವರದೇ ಹೆಸರಲ್ಲಿ. ಅದನ್ನು ಯಾರೂ ಓದಲಿಲ್ಲ.

ಮಿಮಿಕ್ರಿ ದಯಾನಂದ್, ಮಿಮಿಕ್ರಿ ಗೋಪಿ ಅಂತವರಿಗೆ ಕಸುಬಿನ ಜೊತೆಗೆ ಸ್ವಂತ ಹೆಸರೂ ಉಳಿದಿದೆ. ಇವರಿಗೆ ಅದೂ ಇಲ್ಲ. ಅದಕ್ಕೇ ವಾಪಸ್ ಬರುವಾಗ ಬೈಕ್ ನಿಲ್ಲಿಸಿ ಕೇಳಿದೆ, ಈ ಎಪಿಸೋಡಿನಲ್ಲಿ ನಿಮ್ಮ ಹೆಸರು ಹೇಳುತ್ತೇನೆ ಅಂತ. ಅವರು ಗಾಬರಿಯಾದರು.

‘ಬ್ಯಾಡ ಸಾರ್. ಮಂಡಿ ರೈಟರ್ ಅಂತ ಗೊತ್ತಾದ್ರೆ ಆ ಅಜ್ಜಿ ಮುಂದಿನ ವರ್ಷ ಬರ್ತಾರಾ? ಹೆಸರು ಬಿಡಿ. ಆ ಮೆಟ್ರೊದ್ದು ಪೂರ್ತಿ ಆಗ್ಲಿಲ್ಲ, ಅದನ್ನ ಹಾಕ್ತೀರಾ?’

ಗುಬ್ಬಿ ರಸ್ತೆಯ ಪಕ್ಕದಲ್ಲಿ, ಟೀ ಅಂಗಡಿಯ ಶೀಟಿನ ಕೆಳಗೆ ನಿಂತು ಪೂರ್ತಿ ಹೇಳಿದರು. ಖಾಕಿ ಅಂಗಿ ಬಿಚ್ಚಿ ಚೀಲಕ್ಕೆ ಹಾಕಿದ್ದರು, ಬನಿಯನ್ನಲ್ಲೇ. ನಾನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಂಡೆ. ನಾಲ್ಕು ನಿಮಿಷ ಇದೆ. ಮಳೆ ಸದ್ದು ಸ್ವಲ್ಪ ಜಾಸ್ತಿ, ನಡುವೆ ಒಂದು ಲಾರಿ ಹೋಗುತ್ತೆ. ಹಾಕುತ್ತಿದ್ದೇನೆ, ಕೇಳಿ.