ಚಿಮಣಿ ಅಳಿಸಿದ ಚಿತ್ರ

ಕೇಳುಗರಿಗೆ ನಮಸ್ಕಾರ.

ಕ್ಯಾಮೆರಾ ಕೊಂಡ ಹೊಸತು. ಒಂದು ಭಾನುವಾರ ಮುಂಬಯಿಯ ಮಾಟುಂಗದಲ್ಲಿ ಇಡ್ಲಿ, ಕಾಫಿ ಮುಗಿಸಿ ಕಿಂಗ್ಸ್ ಸರ್ಕಲ್‌ನಲ್ಲಿ ಲೋಕಲ್ ಹತ್ತಿದೆ. ಎರಡನೇ ಸ್ಟೇಷನ್ನೇ ಶಿವಡಿ. ರಾಜಹಂಸ, ಅಂದರೆ ಫ್ಲೆಮಿಂಗೊ ಹಕ್ಕಿಗಳ ಚಿತ್ರ ತೆಗೆಯೋಣ ಅಂತ ಅಲ್ಲಿನ ಜೆಟ್ಟಿಗೆ ಹೋಗಿ ನೋಡಿದರೆ ಬರೀ ಕೆಸರು. ರಾಜಹಂಸಗಳು ದೂರದಲ್ಲಿ ಒಂದು ಗುಲಾಬಿ ಗೆರೆ, ಅಷ್ಟೇ. ಇಳಿತದ ಹೊತ್ತಿಗೆ ಹೋಗಿದ್ದೆ! ಉಬ್ಬರ ಏರಿದಂತೆ ನೀರೇ ಹಕ್ಕಿಗಳನ್ನು ದಡದ ಕಡೆ ತಳ್ಳುತ್ತದೆ. ಆ ಹೊತ್ತು ದಿನಕ್ಕೆ ಸುಮಾರು 50 ನಿಮಿಷ ಮುಂದೆ ಹೋಗುತ್ತದೆ. ನಮ್ಮ ಭಾನುವಾರದ ರಜೆ ಸಮುದ್ರಕ್ಕೇನು ಗೊತ್ತು?

ಲೆಕ್ಕ ನೋಡಿಕೊಂಡು ಮತ್ತೆ ಹೋದೆ. ಒಂದು ಹಕ್ಕಿ ಹತ್ತಿರ ಬಂತು. ಕಾಲಿನಿಂದ ಕೆಸರು ತುಳಿಯಿತು, ಕತ್ತು ಬಗ್ಗಿಸಿ ಕೊಕ್ಕನ್ನು ತಲೆಕೆಳಗಾಗಿ ನೀರಿಗೆ ಇಳಿಸಿತು. ನಾಲಿಗೆಯಿಂದ ನೀರು ಎಳೆದು ಹೊರಗೆ ತಳ್ಳುತ್ತದೆ, ತಿನ್ನುವುದು ಒಳಗೇ ಉಳಿಯುತ್ತದೆ, ಜರಡಿ ಹಿಡಿದ ಹಾಗೆ. ಆ ಗುಲಾಬಿ ಬಣ್ಣವೂ ತಿಂದ ಪಾಚಿಯದ್ದೇ. ಮರಿಗಳು ಬೂದು ಬಣ್ಣಕ್ಕಿರುತ್ತವೆ.

ಚಿತ್ರ ಚೆನ್ನಾಗಿ ಬಂತು. ಆದರೆ ಹಿಂದೆ ಮಾಹುಲ್ ಕಡೆಯ ಕಾರ್ಖಾನೆ ಚಿಮಣಿ. ಕಂಪ್ಯೂಟರಿನಲ್ಲಿ ಸುಮ್ನೆ ಅಳಿಸಿದೆ, ಒಂದು ಸ್ಪರ್ಧೆಯ ನಿಸರ್ಗ ವಿಭಾಗಕ್ಕೆ ಕಳಿಸಿದೆ. ವಾಪಸ್ ಬಂತು. ಅವರ ನಿಯಮದ ಪ್ರಕಾರ ಬೆಳಕು ತಿದ್ದಬಹುದು, ಅಂಚು ಕತ್ತರಿಸಬಹುದು, ಚಿತ್ರದಲ್ಲಿ ಇದ್ದದ್ದನ್ನು ತೆಗೆಯುವ ಹಾಗಿಲ್ಲ, ಇಲ್ಲದ್ದನ್ನು ಸೇರಿಸುವ ಹಾಗಿಲ್ಲ. ಸಿಟ್ಟು ಬಂತು. ಹಾಗಾದರೆ ಇದರಲ್ಲಿ ಕಲೆ ಎಲ್ಲಿ ಬಂತು ಅಂತ ಕೇಳಿಕೊಂಡೆ.

ಕುಂಚ ಹಿಡಿದವರು ಬೇಡದ್ದನ್ನು ಬರೆಯದೇ ಬಿಡಬಹುದು. ನಮಗೆ ಆ ಸ್ವಾತಂತ್ರ್ಯ ಗುಂಡಿ ಒತ್ತುವ ಮುಂಚೆ ಮಾತ್ರ. ಎರಡು ಹೆಜ್ಜೆ ಪಕ್ಕಕ್ಕೆ ಸರಿಯಬಹುದು. ಕುಕ್ಕರಗಾಲಲ್ಲಿ ಕೂರಬಹುದು. ನೀರು ಇನ್ನೊಂದು ಗೇಣು ಏರಲಿ ಅಂತ ಕಾಯಬಹುದು. ಕಲೆ ಅನ್ನುವುದು ಆ ಕಾಯುವಿಕೆಯಲ್ಲೇ ಇದೆ ಅಂತ ನನಗೀಗ ಅನ್ನಿಸುತ್ತದೆ. ಹಾರುವ ಚಿತ್ರ ಸಿಗಲಿ ಅಂತ ಹಕ್ಕಿಗಳಿಗೆ ಕಲ್ಲೆಸೆದು ಹಾರಿಸುವವರೂ ಇದ್ದಾರೆ. ಅವರ ಮಾತು ಇಲ್ಲಿ ಬೇಡ.

ಠಾಣೆ ಖಾಡಿಯ, ಅಂದರೆ ಇಲ್ಲಿ ಒಳನಾಡಿಗೆ ಚಾಚಿದ ಸಮುದ್ರದ ಹಿನ್ನೀರಿನ, ಒಂದು ಭಾಗ 2015ರಲ್ಲಿ ರಾಜಹಂಸಗಳ ಅಭಯಾರಣ್ಯವಾಯಿತು, 2022ರಲ್ಲಿ ಮಹತ್ವದ ಜೌಗು ಪ್ರದೇಶಗಳ ಅಂತರರಾಷ್ಟ್ರೀಯ ರಾಮ್‌ಸರ್ ಪಟ್ಟಿಗೂ ಸೇರಿತು. ಅದಕ್ಕಾಗಿ ಸುತ್ತಲಿನ ಊರನ್ನೇನೂ ಯಾರೂ ಅಳಿಸಲಿಲ್ಲ ನೋಡಿ. ಶಿವಡಿಯಲ್ಲಂತೂ 2024ರಿಂದ ಸಮುದ್ರದ ಮೇಲಿನ ಅಟಲ್ ಸೇತುವೂ ಹಕ್ಕಿಗಳ ಹಿಂದೆ ಬಂದು ನಿಂತಿದೆ.

ಹಳೆಯ ಚಿತ್ರವನ್ನು ಚಿಮಣಿ ಸಮೇತ ಕಟ್ಟು ಹಾಕಿಸಿ ಮನೆಯಲ್ಲಿ ತೂಗುಹಾಕಿದೆ. ಕುಂದಾಪುರದಿಂದ ಬಂದ ಅಮ್ಮ ಬಹಳ ಹೊತ್ತು ನೋಡಿದರು.

"ಹಕ್ಕಿ ಚೆಂದ ಉಂಟು ಮಾರಾಯ. ಆ ಹೊಗೆ ಇವಕ್ಕೆ ತಾಗುದಿಲ್ವಾ?"

ಚಿಮಣಿ ಅಳಿಸಿದ್ದರೆ ಅಮ್ಮ ಅದನ್ನು ಕೇಳುತ್ತಿರಲಿಲ್ಲ. ನಮಸ್ಕಾರ.